ಒಡಪಿಗೆ ಬೇರೆ ಹೆಸರು ಕೂಡುವುದಿಲ್ಲ

ವೈಶಾಖ ಬಹುಳ ಬಿದಿಗೆ, ಫಸಲಿ ೧೩೩೩. ಗುಲ್ಬರ್ಗಾ.

ಸೋದರತ್ತೆ ಹೇಳಿಯೇಬಿಟ್ಟಳು. ಕಮಲಾಪುರದಿಂದ ಬಂದವಳು ಕಾಲು ತೊಳೆಯುವ ಮೊದಲೇ ಅವ್ವ-ಅಪ್ಪನ ಮುಂದೆ ಎಲ್ಲ ಸುರಿದಳು.

ಹೋದ ವಾರ ಅಲ್ಲಿ ಅವಳ ಬಸುರಿ ಸೊಸೆಯ ಕುಬಸದಲ್ಲಿ ಹೆಂಗಸರು ಒಡಪು ಕಟ್ಟಿ ತಂತಮ್ಮ ಗಂಡಂದಿರ ಹೆಸರು ಹೇಳುತ್ತಿದ್ದರು. "ನೀನೂ ಹೇಳೋ, ಹದಿನಾರು ತುಂಬ್ಯಾವ, ಮನಸ್ನ್ಯಾಗ ಯಾರದಾರ?" ಎಂದು ನನ್ನನ್ನು ಕಾಡಿದರು. ಹೇಳಿದೆ:

"ಕಮಲಾಪುರದ ಕೆಂಪು ಬಾಳಿಹಣ್ಣ,
ಅಣವೀರ ನನ್ನ ಎರಡೂ ಕಣ್ಣ."

ಎಲ್ಲರೂ ನಕ್ಕರು. ಅತ್ತೆ ನಗಲಿಲ್ಲ. ಅವಳ ಪಕ್ಕದ ಮನೆಯ ಅಣವೀರ, ನನ್ನ ವಾರಿಗೆಯವನು, ಹಣ್ಣಿನ ಬುಟ್ಟಿ ಹಿಡಿದು ಬಾಗಿಲಲ್ಲಿ ನಿಂತಿದ್ದ. ಅವನು ನಾಚಿ ತಲೆ ತಗ್ಗಿಸಿದ್ದನ್ನು ಅವಳು ಕಂಡಿದ್ದಳು.

ಅಪ್ಪ ನನ್ನತ್ತ ತಿರುಗಿದ. "ಚ್ಯಾಷ್ಟಿಗಿ ಅಂದೆ ಅನ್ನು. ಇಲ್ಲಿಗೇ ಮುಗಸ್ತೀನಿ" ಎಂದ.

"ಚ್ಯಾಷ್ಟಿ ಅಲ್ಲ" ಎಂದೆ.

ಅವ್ವ ಅಳತೊಡಗಿದಳು. "ಅದರಾಗ ಒಂದು ಹುಡಗಿ ಹೆಸರು ಹಾಕಿ ಹೇಳಪ್ಪಾ. ಯಾವದಾರ ಹಾಕು. ನಿಮ್ಮತ್ತಿ ಬಾಯಿ ನಾ ಮುಚ್ಚಸ್ತೀನಿ."

ನನಗೆ ಸಿಟ್ಟು ಬಂದದ್ದು ಅಲ್ಲೇ. ಒಡಪಿನಲ್ಲಲ್ಲದೆ ಅವ್ವ ಎಂದೂ ಅಪ್ಪನ ಹೆಸರು ಬಾಯಿಗೆ ತಂದವಳಲ್ಲ. "ನಿನ್ನ ಒಡಪಿನ್ಯಾಗ ನೀ ಬ್ಯಾರೆ ಹೆಸರು ಹಾಕ್ತೀಯೇನವ್ವ?" ಎಂದೆ.

ಅಪ್ಪ ಹೊಡೆದ. ಕೆನ್ನೆ ಇನ್ನೂ ಉರಿಯುತ್ತಿದೆ. ಉರಿಯಲಿ. ಇನ್ನು ನನ್ನನ್ನು ಕಮಲಾಪುರಕ್ಕೆ ಕಳಿಸುವುದಿಲ್ಲವಂತೆ.

ಅವ್ವ ಈಗ ಬಾಗಿಲಾಚೆ ಓಡಾಡುತ್ತಿದ್ದಾಳೆ, ಬಳೆ ಸದ್ದಾಗುತ್ತಿದೆ. ಕೇಳಲಿ ಎಂದೇ ಅದೇ ಒಡಪನ್ನು ಗಟ್ಟಿಯಾಗಿ ಇನ್ನೊಮ್ಮೆ ಹೇಳಿದೆ. ಅವನ ಹೆಸರು ಬಂದಾಗ ಬಳೆಗಳು ಸುಮ್ಮನಾದವು.