ಏಜಾಕ್ಸನಿಗೆ ಬಿಟ್ಟ ಜಾಗ

ಹುಣ್ಣಿಮೆಗೆ ಎರಡು ದಿನ, ಲೋಕ್ರಿ ಪಟ್ಟಣ

ಹೊರಳಾಡಿ ಸಾಕಾಯಿತು, ಎದ್ದು ಕೂತಿದ್ದೇನೆ. ನಾಡಿದ್ದು ಯುದ್ಧ. ವಾಡಿಕೆಯಂತೆ ಮುಂದಿನ ಸಾಲಿನಲ್ಲಿ ಒಬ್ಬನ ಜಾಗ ಖಾಲಿ ಬಿಡುತ್ತೇವೆ. ಹಿಂದೆಂದೋ ಟ್ರಾಯ್‌ ಯುದ್ಧದಲ್ಲಿ ಕಾದಾಡಿದ ನಮ್ಮ ವೀರ ಏಜಾಕ್ಸನ ಆತ್ಮ ಬಂದು ಅಲ್ಲಿ ನಿಲ್ಲುತ್ತದೆ ಎಂದು ನಂಬಿಕೆ. ಅದರ ಎಡಕ್ಕೆ ನಿಂತವನ ಬಲಪಕ್ಕೆಗೆ ಆ ವೀರನ ಗುರಾಣಿಯೊಂದೇ ಕಾವಲು.

ಕಳೆದ ಯುದ್ಧದಲ್ಲಿ ಆ ಖಾಲಿ ಜಾಗದ ಪಕ್ಕ ನಿಂತವನು ನಾನು. ಏಜಾಕ್ಸ್ ನನ್ನನ್ನು ಕಾಪಾಡಿದ ಕಥೆ ಹೇಳಿಕೊಂಡೇ ಹನ್ನೆರಡು ವರ್ಷ ಊರವರ ಮನೆಗಳಲ್ಲಿ ದ್ರಾಕ್ಷಾರಸ ಕುಡಿದಿದ್ದೇನೆ.

ಸಂಜೆ ನನ್ನ ಗೆಳೆಯ ಎಕೆಲಾಸನ ಮಗ ಥಿಯೋನ್ ಬಂದಿದ್ದ.

‘ಚಿಕ್ಕಪ್ಪ, ಈ ಸಲ ಏಜಾಕ್ಸನ ಪಕ್ಕದ ಜಾಗ ನಂಗೆ. ನಾನೇ ಕೇಳ್ಕೊಂಡೆ.’

‘ನಿಂಗ್ಯಾಕೋ ಅದು? ಮೊದ್ಲು ಮೀಸೆ ಬಲೀಲಿ.’

‘ನಿಮ್ಗೆ ಒಂದು ಗೀರೂ ಬೀಳ್ಲಿಲ್ವಲ್ಲ.’ ಆಮೇಲೆ ಮೆಲ್ಲಗೆ ಕೇಳಿದ: ‘ಆವತ್ತು ಅಪ್ಪ ಸತ್ತಿದ್ದು ಎಲ್ಲಿ?’

‘ಹಿಂದಿನ ಸಾಲಲ್ಲಿ,’ ಅಂದೆ.

ಅವನು ಖುಷಿಯಾಗಿಯೇ ಹೋದ.

ಆವತ್ತು ಈಟಿ ನನ್ನ ಪಕ್ಕೆಗೆ ಬಂದಾಗ ಆ ಖಾಲಿ ಜಾಗಕ್ಕೆ ನುಗ್ಗಿ ಬಂದವನು ಏಜಾಕ್ಸ್ ಅಲ್ಲ, ಎಕೆಲಾಸ್. ಅವನ ಹೆಣವನ್ನು ಹಿಂದಕ್ಕೆ ಎಳೆದು ಹಾಕಿದವನು ನಾನೇ. ಜಾಗ ಖಾಲಿ ಕಾಣಬೇಕಿತ್ತು.

ಬೆಳಗಾದ ಕೂಡಲೇ ದಳಪತಿಯ ಹತ್ತಿರ ಹೋಗಿ, ಥಿಯೋನನ ಬೆನ್ನ ಹಿಂದಿನ ಜಾಗ ನನಗೆ ಕೊಡಿ ಎಂದು ಕೇಳಬೇಕು. ಆ ಹುಡುಗನಿಗೆ ನಿಜ ಹೇಳುವುದಕ್ಕಿಂತ ಅದು ಸುಲಭ. ಆದರೆ ಈ ಮೊಣಕಾಲು, ಅಷ್ಟು ಬೇಗ ಆ ಖಾಲಿ ಜಾಗಕ್ಕೆ ನುಗ್ಗಲು ಬಿಟ್ಟೀತೇ?