ಜೋಡಿ ಹಾಳೆ

ಅಕ್ಕಾ,

ಇವತ್ತು ನನ್ನ ಬೈಂಡಿಂಗ್ ಅಂಗಡಿಗೆ ಒಬ್ಬ ಟೀಚರ್ ಹಾಜರಿ ಪುಸ್ತಕ ತಂದಿದ್ದರು. "ಹಾಳೆ ತಾನಾಗೇ ಉದುರ್ತಿದೆ, ಸ್ವಲ್ಪ ಅಂಟು ಹಾಕಿಕೊಡಿ" ಎಂದರು. ಬಿಚ್ಚಿ ನೋಡಿದೆ. "ಹೊಲಿದ ಪುಸ್ತಕದಲ್ಲಿ ಹಾಳೆ ತಾನಾಗೇ ಉದುರಲ್ಲ ಮೇಡಂ. ಎರಡು ಹಾಳೆ ಅಂದ್ರೆ ಮಡಿಸಿದ ಒಂದೇ ಕಾಗದ. ಒಂದನ್ನ ಕಿತ್ರೆ ಅದರ ಜೋಡಿ ಸಡಿಲ ಆಗತ್ತೆ. ಯಾರು ಕಿತ್ತಿದ್ದು?"

ಕೇಳಿದ ಮೇಲೆ ನಿನ್ನ ಡೈರಿ ನೆನಪಾಯಿತು.

ಕೆಟ್ಟ ಯೋಚನೆ ಬಂದಾಗಲೆಲ್ಲ ಬರೆದಿಡಿ ಎಂದು ಡಾಕ್ಟರು ನಿನಗೆ ಹೇಳಿದಾಗ ಆ ಡೈರಿ ಹೊಲಿದುಕೊಟ್ಟವನು ನಾನೇ. ಗ್ಯಾಸ್ ಆರಿಸಿದ್ದೇನೋ ಇಲ್ಲವೋ ಎಂದು ಹದಿನಾಲ್ಕು ಸಲ ಎದ್ದು ನೋಡಿದ್ದನ್ನು ನೀನು ಬರೆದಿದ್ದೆ. ಅದನ್ನು ಓದಿ, "ಇದನ್ನೆಲ್ಲ ಬರೆದಿಟ್ರೆ ನೋಡಿದವರು ಏನಂತಾರೆ?" ಎಂದವನೂ ನಾನೇ. ಆಮೇಲೆ ನೀನು ಮೂರು ಸಲ ಡೈರಿ ಹಿಡಿದು ಬಂದೆ. "ಹಾಳೆ ಉದುರ್ತಿದೆ ಕಣೋ." ನನ್ನ ಕೆಲಸಕ್ಕೇ ಹೆಸರಿಡ್ತೀಯಾ ಎಂದು ರೇಗಿ, ಮೂರು ಸಲವೂ ಅಂಟು ಬಳಿದು ಕೊಟ್ಟೆ.

ಈಗ ಅಂಗಡಿ ಮುಚ್ಚಿ ಬಂದು ನಿನ್ನ ಬೀರುವಿನಿಂದ ಅದನ್ನು ತೆಗೆದೆ. ಉಳಿದ ಪುಟಗಳಲ್ಲೆಲ್ಲ ಒಂದೇ ಮಾತು: "ಇವತ್ತು ಏನೂ ಇಲ್ಲ, ಚೆನ್ನಾಗಿದ್ದೇನೆ." ಡಾಕ್ಟರು ಅದನ್ನೇ ನಂಬಿ ಮಾತ್ರೆ ಕಡಿಮೆ ಮಾಡಿದ್ದರು. ನೀನು ತೀರಿಹೋಗಿ ನಾಲ್ಕು ತಿಂಗಳಾಯಿತು.

ಕಿತ್ತ ಜಾಗಗಳನ್ನು ಎಣಿಸಿದೆ, ಇಪ್ಪತ್ತಮೂರು. ಒಂದೊಂದರ ಜೋಡಿ ಹಾಳೆಯನ್ನೂ ಹಿಡಿದು ಎಳೆದೆ. ನನ್ನ ಅಂಟು ಎಲ್ಲೂ ಬಿಟ್ಟಿಲ್ಲ.