ಹದಿನಾಲ್ಕನೇ ಅಧ್ಯಾಯದ ಯುವಕ

ಆಗಸ್ಟ್ ೧೨, ಸೋಮವಾರ

ಪ್ರೀತಿಯ ಗುಬ್ಬಿ,

ನಿನ್ನ ಅಣ್ಣನ ಆಶೀರ್ವಾದಗಳು. ನಿನ್ನ ಕಾಗದ ಬಂದು ಎರಡು ತಿಂಗಳಾಯಿತು. ಪರೀಕ್ಷೆ, ಮಂಡಿನೋವು ಎಂದು ನೆಪ ಹೇಳಬಹುದು. ಮಂಡಿನೋವು ನಿಜವೂ ಹೌದು. ಆದರೆ ನಿನಗೆ ಬರೆಯಲು ಮುಖವಿರಲಿಲ್ಲ.

ದೇವಶಾಸ್ತ್ರದ ತರಗತಿಗೆ ಈ ಸಲವೂ ನಾನು ಬೈಬಲಿನ ಮಾರ್ಕನ ಸುವಾರ್ತೆಯನ್ನೇ ಪಾಠ ಮಾಡುತ್ತಿದ್ದೇನೆ. ಮೊನ್ನೆ ಮುಂದಿನ ಬೆಂಚಿನವಳು, ನರ್ಸ್ ಕೆಲಸ ಬಿಟ್ಟು ಓದಲು ಬಂದವಳು, ಎದ್ದು ಕೇಳಿದಳು: "ಸರ್, ಒಳಗೆಲ್ಲೂ ಬರೆದವರ ಹೆಸರೇ ಇಲ್ವಲ್ಲ. ಮೇಲೆ ಮಾರ್ಕ ಅಂತ ಯಾರು ಹಾಕಿದ್ರು?"

"ಆಮೇಲೆ ಬಂದವರು ಹಾಕಿದ್ದಮ್ಮ. ಯೇಸುವಿನ ಶಿಷ್ಯ ಪೇತ್ರ ಹೇಳಿದ್ದನ್ನ ಅವನ ದುಭಾಷಿ ಮಾರ್ಕ ನೆನಪಿಟ್ಟು ಬರೆದ ಅನ್ನೋದು ಹಿಂದಿನವರ ನಂಬಿಕೆ," ಎಂದೆ.

ಅವಳು ಅಷ್ಟಕ್ಕೇ ಬಿಡುವ ಆಸಾಮಿಯಲ್ಲ. "ಬರೆದೋನು ಹೆಸರು ಹಾಕ್ಕೊಳ್ಳಲಿಲ್ಲ. ಈಗಿನೋರು ಬರೀದೇ ಇದ್ರೂ ಹಾಕ್ಕೋತಾರೆ, ಅಲ್ವಾ ಸರ್?"

ತರಗತಿ ನಕ್ಕಿತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನಾನು ಮೇಜಿನ ಮೇಲಿದ್ದ, ಮಾರ್ಕನ ಸುವಾರ್ತೆಯ ವ್ಯಾಖ್ಯಾನವಾದ ನನ್ನ ಪುಸ್ತಕವನ್ನು ಹಾಜರಿ ಪಟ್ಟಿಯ ಕೆಳಗೆ ತಳ್ಳಿದೆ.

ನನ್ನ ಪುಸ್ತಕವಂತೆ! ಓದು ಬಿಟ್ಟು, ಅಮ್ಮನ ಮಂಚದ ಪಕ್ಕ ಕೂತು, ಒಂದು ಔಷಧಿಗೂ ಇನ್ನೊಂದಕ್ಕೂ ನಡುವೆ ನೀನು ತುಂಬಿಸಿದ ನಾಲ್ಕು ನೋಟುಬುಕ್ಕು ಅದು. ಅಮ್ಮ ಹೋದ ಮೇಲೆ "ಓದಿ ಕೊಡ್ತೀನಿ" ಎಂದು ಒಯ್ದವನು ನಾನು. ಮುನ್ನುಡಿಯೊಂದೇ ನನ್ನದು. ಅಚ್ಚಾಗಿ ಒಂಬತ್ತು ವರ್ಷವಾದರೂ ನಿನಗೊಂದು ಪ್ರತಿ ಕಳಿಸಲಿಲ್ಲ.

ಅದು ಹೇಗೋ ನಿನ್ನ ಕೈಗೆ ಸಿಕ್ಕಿದೆ. ಬೈದಿರುತ್ತೀಯ ಎಂದು ಹೆದರುತ್ತಲೇ ಲಕೋಟೆ ಒಡೆದೆ. ನೀನು ಬರೆದದ್ದು ಇಷ್ಟೇ: "ಅಣ್ಣಾ, ಪುಸ್ತಕ ಚೆನ್ನಾಗಿ ಬಂದಿದೆ. ಯೇಸುವನ್ನ ಹಿಡಿದಾಗ ಹೊದ್ದ ಬಟ್ಟೆ ಬಿಟ್ಟು ಬೆತ್ತಲೆ ಓಡಿಹೋದ ಯುವಕ ಬರೋದು ಹದಿಮೂರನೇ ಅಧ್ಯಾಯದಲ್ಲಲ್ಲ, ಹದಿನಾಲ್ಕರಲ್ಲಿ. ಅವತ್ತು ಅಮ್ಮಂಗೆ ಜ್ವರ ಜಾಸ್ತಿ ಇತ್ತು, ಅವಸರದಲ್ಲಿ ತಪ್ಪು ಬರೆದಿದ್ದೀನಿ. ಸರಿ ಮಾಡ್ಕೋ."

ಬೈದಿದ್ದರೆ ಎಷ್ಟೋ ಮೇಲಿತ್ತು. ನಾಚಿಕೆಯಿಂದ ಸತ್ತೇ ಹೋದೆ, ಗುಬ್ಬಿ. ಆ ಯುವಕ ಮಾರ್ಕನೇ ಇರಬೇಕೆಂದು ಕೆಲವರ ಊಹೆ. ಯಾರಾದರೂ ಆಗಿರಲಿ, ಅವನ ಪಾಡು ನನಗೀಗ ಗೊತ್ತು.

ಇವತ್ತು ಪ್ರಾಂಶುಪಾಲರ ಮುಂದೆ ಎಲ್ಲ ಹೇಳಿಬಿಟ್ಟೆ. ಕಾಲೇಜು ಮಾಡಿಸುತ್ತಿದ್ದ ಮರುಮುದ್ರಣ ನಿಲ್ಲಿಸಿದ್ದಾರೆ. ಮತ್ತೆ ಅಚ್ಚಾಗುವಾಗ ಮುಖಪುಟದಲ್ಲಿ ನಿನ್ನ ಹೆಸರಿರಲಿ, ನನ್ನದು ಬೇಡ. ಒಪ್ಪಿಗೆಯೆಂದು ಒಂದು ಸಾಲು ಬರೆ. ಬರೆಯದಿದ್ದರೂ ನಿನ್ನ ಮೇಲೆ ನನಗೆ ಕೋಪವಿಲ್ಲ, ಕೋಪಿಸಿಕೊಳ್ಳಲು ನಾನ್ಯಾರು? ದೇವರು ನಿನ್ನ ಕಣ್ಣು, ಕೈಗಳನ್ನು ಚೆನ್ನಾಗಿಟ್ಟಿರಲಿ.

ನಿನ್ನ
ಅಣ್ಣ

ಮರೆತ ಮಾತು: ಮರೆತದ್ದಲ್ಲ, ಬಚ್ಚಿಟ್ಟದ್ದು. ಆ ತಪ್ಪನ್ನು ಪುಸ್ತಕ ಬಂದ ವರ್ಷವೇ ಒಬ್ಬ ವಿದ್ಯಾರ್ಥಿ ಹಿಡಿದಿದ್ದ. ತುಂಬಿದ ತರಗತಿಯಲ್ಲಿ ನಾನು, "ನನ್ನ ತಂಗಿ ಪ್ರತಿ ಮಾಡಿಕೊಟ್ಟಳು, ಅವಳ ಎಡವಟ್ಟು ಅದು" ಎಂದೆ. ಎಲ್ಲರೂ ನಕ್ಕರು. ನಾನೂ ನಕ್ಕೆ. ಇವತ್ತನ್ನು ಬಿಟ್ಟರೆ, ಈ ಒಂಬತ್ತು ವರ್ಷಗಳಲ್ಲಿ ಆ ಪುಸ್ತಕದ ವಿಷಯದಲ್ಲಿ ನಿನ್ನ ಸುದ್ದಿ ಎತ್ತಿದ್ದು ಅದೊಂದೇ ಸಲ.